ಪೋಷಕ ನಟಿ

ಕನ್ನಡ ಸಿನೆಮಾದ ಅಮ್ಮಂದಿರಿಗೆ ಒಂದು ಸಮವಸ್ತ್ರವಿತ್ತು. ಬಿಳಿ ಅಥವಾ ಮಾಸಿದ ಬಣ್ಣದ ಹತ್ತಿ ಸೀರೆ, ಎರಡೂ ಹೆಗಲು ಮುಚ್ಚಿದ ಸೆರಗು, ಕಿವಿಯ ಪಕ್ಕದಲ್ಲಿ ಬಿಳಿ ಬಳಿದ ಕೂದಲು. ಮನೆಯ ಮೂಲೆಯಲ್ಲಿ ಒಂದು ಹೊಲಿಗೆ ಯಂತ್ರ, ಗೋಡೆಯ ಮೇಲೆ ಹಾರ ಹಾಕಿದ ಗಂಡನ ಪಟ. ಮಗ ಪರೀಕ್ಷೆಯಲ್ಲಿ ಪಾಸಾಗಿ ಓಡಿ ಬರುವ ಹೊತ್ತಿಗೆ ಸರಿಯಾಗಿ ಇವಳು ದೇವರ ಮುಂದೆ ದೀಪ ಹಚ್ಚುತ್ತಿರುತ್ತಾಳೆ. ಮಧ್ಯಂತರಕ್ಕೆ ಮೊದಲು ಒಂದು ಸಲ ಕೆಮ್ಮುತ್ತಾಳೆ. ಅವಳು ಕೆಮ್ಮಿದಳೆಂದರೆ ಟೆಂಟಿನ ಹೆಂಗಸರ ಬದಿಯಲ್ಲಿ ಕುಳಿತ ನಾವೆಲ್ಲ ಸೆರಗಿನ ತುದಿಯನ್ನು ಕೈಗೆ ತೆಗೆದುಕೊಳ್ಳುತ್ತಿದ್ದೆವು. ಇನ್ನು ಹೆಚ್ಚು ಹೊತ್ತಿಲ್ಲ ಎಂದು ಎಲ್ಲರಿಗೂ ಗೊತ್ತು. ಗೊತ್ತಿದ್ದೇ ಅಳುವುದರಲ್ಲಿ ಒಂದು ಸುಖವೂ ಇತ್ತೆನ್ನಿ.

ಈ ಅಮ್ಮಂದಿರ ಸಾಲಿನಲ್ಲಿ ಎಲ್ಲರಿಗಿಂತ ಹಿರಿಯ ಅಮ್ಮ ಎಂದರೆ ಪಂಡರಿಬಾಯಿ. 'ಹಿರಿಯ' ಎಂದೆ ನೋಡಿ, ಆ ಶಬ್ದ ತಾನಾಗಿಯೇ ಬಂತು. ನಿಮ್ಮಲ್ಲಿ ಐವತ್ತು ದಾಟಿದ ಯಾರನ್ನು ಕೇಳಿದರೂ ಪಂಡರಿಬಾಯಿ ಎಂದ ಕೂಡಲೇ ಕಣ್ಣಿಗೆ ಕಟ್ಟುವುದು ನರೆಗೂದಲಿನ ಮುಖವೇ. ಅವರು ಹುಡುಗಿಯಾಗಿದ್ದರು, ಪ್ರೇಯಸಿಯಾಗಿದ್ದರು, ಹೊಸ ಮದುಮಗಳಾಗಿದ್ದರು ಎಂಬುದನ್ನು ಸ್ವಲ್ಪ ತಡವರಿಸಿ ನೆನಪು ಮಾಡಿಕೊಳ್ಳಬೇಕು. ಈ ತಡವರಿಕೆ ಹೇಗೆ ಬಂತು ಎಂದು ನಾನು ಬಹಳ ಸಲ ಯೋಚಿಸಿದ್ದೇನೆ. ಯೋಚಿಸುವುದಕ್ಕೆ ನನಗೆ ನನ್ನದೇ ಆದ ಒಂದು ಕಾರಣವೂ ಉಂಟು. ಅದನ್ನು ಆಮೇಲೆ ಹೇಳುತ್ತೇನೆ.

ಪಂಡರಿಬಾಯಿ ನಮ್ಮ ಕರಾವಳಿಯವರೇ. ನಮ್ಮ ಮನೆ ಇರುವುದು ಹೆಜಮಾಡಿಯಲ್ಲಿ, ಹೆದ್ದಾರಿಯಿಂದ ಕಡಲಿನ ಬದಿಗೆ. ತೆಂಕಕ್ಕೆ ಶಾಂಭವಿ ಹೊಳೆಯ ಸೇತುವೆ ದಾಟಿದರೆ ಮೂಲ್ಕಿ. ಬಡಗಕ್ಕೆ ಹೋಗುವ ಬಸ್ಸು ಹತ್ತಿ ಪಡುಬಿದ್ರಿ, ಕಾಪು, ಉಡುಪಿ, ಕುಂದಾಪುರ, ಬೈಂದೂರು ಎಂದು ಹೋಗುತ್ತಲೇ ಇದ್ದರೆ ಭಟ್ಕಳ ಸಿಗುತ್ತದೆ. ಅವರು ಹುಟ್ಟಿದ್ದು ಅಲ್ಲಿ. ಮನೆಯವರು ಇಟ್ಟ ಹೆಸರು ಗೀತಾ. ಹರಿಕಥೆ, ನಾಟಕಗಳ ವಾತಾವರಣದಲ್ಲಿ ಬೆಳೆದ ಹುಡುಗಿ ಮೊದಲು ರಂಗಕ್ಕೆ ಬಂದು, 1943ರಲ್ಲಿ 'ವಾಣಿ' ಎಂಬ ಕನ್ನಡ ಚಿತ್ರದಲ್ಲಿ ಬಣ್ಣ ಹಚ್ಚಿದಳು. ಪಿಟೀಲು ಚೌಡಯ್ಯನವರು ಅಭಿನಯಿಸಿದ ಚಿತ್ರ ಅದು. ಆಗಿನ್ನೂ ಹದಿನೈದರ ಆಚೀಚೆಯ ಪ್ರಾಯ. ಮುಂದೆ ಅವರ ಊಟ, ನಿದ್ದೆ, ಸಂಪಾದನೆ ಎಲ್ಲವೂ ಮದರಾಸಿನಲ್ಲಿ. ಆಗ ಕನ್ನಡ ಸಿನೆಮಾ ಎಂದರೂ ಹೆಚ್ಚಿನವು ತಯಾರಾಗುತ್ತಿದ್ದುದು ಮದರಾಸಿನ ಸ್ಟುಡಿಯೋಗಳಲ್ಲೇ ತಾನೆ?

ಹತ್ತು ಹನ್ನೊಂದು ವರ್ಷಗಳಲ್ಲಿ ಆ ಹುಡುಗಿ ದಕ್ಷಿಣ ಭಾರತದ ಇಬ್ಬರು ದೊಡ್ಡ ನಟರು ನಾಯಕರಾದ ಮೊದಲ ಚಿತ್ರಗಳಿಗೆ ನಾಯಕಿಯಾಗಿದ್ದಳು. 1952ರ ದೀಪಾವಳಿಗೆ ಬಂದ ತಮಿಳಿನ 'ಪರಾಶಕ್ತಿ' ಶಿವಾಜಿ ಗಣೇಶನ್ ಅವರ ಮೊದಲ ಚಿತ್ರ. ಕರುಣಾನಿಧಿಯವರ ಸಂಭಾಷಣೆಗೆ ಹೆಸರಾದದ್ದು. ಅದರಲ್ಲಿ ದಿಕ್ಕು ತಪ್ಪಿದ ನಾಯಕನಿಗೆ ಬುದ್ಧಿ ಹೇಳಿ ದಾರಿಗೆ ತರುವ ಹುಡುಗಿ ಪಂಡರಿಬಾಯಿ. 1954ರಲ್ಲಿ ಬಂದ 'ಬೇಡರ ಕಣ್ಣಪ್ಪ' ಗೊತ್ತಲ್ಲ? ಎಚ್.ಎಲ್.ಎನ್. ಸಿಂಹ ಅವರು ಮುತ್ತುರಾಜ ಎಂಬ ನಾಟಕದ ಹುಡುಗನನ್ನು ರಾಜ್‌ಕುಮಾರ್ ಎಂದು ಹೆಸರಿಟ್ಟು ತೆರೆಗೆ ತಂದ ಚಿತ್ರ. ಆ ಕಣ್ಣಪ್ಪನ ಹೆಂಡತಿ ನೀಲಾ ಕೂಡ ಪಂಡರಿಬಾಯಿಯೇ. ಆ ಹೊತ್ತಿಗೆ ಮೂವರಲ್ಲಿ ಅನುಭವಸ್ಥರು ಎಂದರೆ ಪಂಡರಿಬಾಯಿ. ಗಂಡಸರಿಬ್ಬರೂ ಸಿನೆಮಾದಲ್ಲಿ ಹೊಸಬರು.

ಅದೇ 1954ರಲ್ಲಿ ಎಸ್. ಬಾಲಚಂದರ್ ನಿರ್ದೇಶಿಸಿದ 'ಅಂದ ನಾಳ್' ಎಂಬ ತಮಿಳು ಚಿತ್ರವೂ ಬಂತು. ಒಂದೇ ಒಂದು ಹಾಡಿಲ್ಲದ ಚಿತ್ರ, ಆ ಕಾಲಕ್ಕೆ ಅದೊಂದು ಸಾಹಸ. ಎರಡನೆಯ ಮಹಾಯುದ್ಧದ ದಿನಗಳು. ಒಬ್ಬ ರೇಡಿಯೋ ಎಂಜಿನಿಯರನ ಕೊಲೆಯಾಗಿದೆ. ಕೊಂದವರು ಯಾರು ಎಂದು ಪೊಲೀಸರು ಹುಡುಕುತ್ತಾ ಹೋಗುತ್ತಾರೆ. ಕೊನೆಗೆ ತಿಳಿಯುವುದೇನೆಂದರೆ, ಅವನು ಶತ್ರು ದೇಶಕ್ಕೆ ಗುಟ್ಟು ಮಾರುತ್ತಿದ್ದ. ಅವನ ಪ್ರಾಣ ಹೋದದ್ದು ಸ್ವಂತ ಹೆಂಡತಿಯ ಕೈಯ ಪಿಸ್ತೂಲಿನಿಂದ. ಗಂಡ ಶಿವಾಜಿ, ಹೆಂಡತಿ ಪಂಡರಿಬಾಯಿ. ಒಂದೇ ವರ್ಷದಲ್ಲಿ ಒಂದು ಕಡೆ ಬೇಡರ ಹಟ್ಟಿಯ ಮುಗ್ಧ ಹೆಂಡತಿ, ಇನ್ನೊಂದು ಕಡೆ ಗಂಡನ ದ್ರೋಹವನ್ನು ಕಂಡು ಅವನೆದುರು ಪಿಸ್ತೂಲು ಹಿಡಿದು ನಿಲ್ಲುವ ವಿದ್ಯಾವಂತೆ. ಆ ಹೆಂಗಸಿನ ಬೊಗಸೆಯಲ್ಲಿ ಎಷ್ಟೊಂದು ಇತ್ತು ಎನ್ನುವುದಕ್ಕೆ ಇಷ್ಟು ಸಾಕಲ್ಲವೇ?

ಇನ್ನು ನನ್ನ ಕಾರಣ. ಅದು ನನ್ನ ದೊಡ್ಡಮ್ಮ, ಅಂದರೆ ಅಮ್ಮನ ಅಕ್ಕ. ಹುಟ್ಟಿದ್ದು 1930ರಲ್ಲಿ ಎಂದು ಶಾಲೆಯ ಪುಸ್ತಕದಲ್ಲಿ ಇತ್ತಂತೆ. 'ಬೇಡರ ಕಣ್ಣಪ್ಪ'ವನ್ನು ಅವಳು ನೋಡಿದ್ದು ಮಂಗಳೂರಿನಲ್ಲಿ, ಮದುವೆಯಾದ ಹೊಸತರಲ್ಲಿ, ಗಂಡನ ಜೊತೆಗೆ. ಅವರಿಬ್ಬರೂ ಒಟ್ಟಿಗೆ ನೋಡಿದ ಸಿನೆಮಾ ಅದೊಂದೇ. ಎರಡು ವರ್ಷದಲ್ಲಿ ದೊಡ್ಡಪ್ಪ ಜ್ವರದಲ್ಲಿ ತೀರಿಹೋದರು. ದೊಡ್ಡಮ್ಮ ಒಂದು ಟ್ರಂಕಿನೊಂದಿಗೆ ಹೆಜಮಾಡಿಯ ತವರಿಗೆ ಬಂದಳು. ನಮ್ಮದು ಅಳಿಯಸಂತಾನದ ಮನೆ, ಹೆಣ್ಣುಮಕ್ಕಳಿಗೆ ತವರಿನಲ್ಲಿ ಜಾಗವಿಲ್ಲ ಎಂದು ಯಾರೂ ಹೇಳುವಂತಿರಲಿಲ್ಲ. ಜಾಗವಿತ್ತು, ಜಾಗಕ್ಕೆ ತಕ್ಕ ಕೆಲಸವೂ ಇತ್ತು.

ನನಗೆ ಐದು ವರ್ಷವಾದಾಗ, 1962ರಲ್ಲಿ, ತಮ್ಮನನ್ನು ಹೆತ್ತು ಅಮ್ಮ ಹೋದಳು. ಅಪ್ಪ ಬೊಂಬಾಯಿಯ ಹೋಟೆಲಿನಲ್ಲಿದ್ದರು, ವರ್ಷಕ್ಕೊಮ್ಮೆ ಬರುವವರು. ಹನ್ನೊಂದು ದಿನದ ಮಗುವನ್ನು ಯಾರೋ ದೊಡ್ಡಮ್ಮನ ಮಡಿಲಲ್ಲಿ ಇಟ್ಟರು. ಅಲ್ಲಿಯವರೆಗೆ ಆ ಮಡಿಲಲ್ಲಿದ್ದುದು ಬೀಡಿಯ ತಡ್ಪೆ. ತಡ್ಪೆ ಸ್ವಲ್ಪ ಆಚೆಗೆ ಸರಿಯಿತು, ಅಷ್ಟೆ. ಎಲೆಯನ್ನು ಅಚ್ಚಿಟ್ಟು ಕತ್ತರಿಸುವುದು, ಹೊಗೆಸೊಪ್ಪು ತುಂಬುವುದು, ಸುತ್ತುವುದು, ನೂಲು ಕಟ್ಟುವುದು, ಬಾಯಿ ಮಡಚುವುದು. ಕಾಲಿನಿಂದ ತೊಟ್ಟಿಲು ತೂಗುತ್ತಾ ಅವಳು ದಿನಕ್ಕೆ ಎಂಟುನೂರು ಬೀಡಿ ಕಟ್ಟುತ್ತಿದ್ದಳು. ಮೂವತ್ತೆರಡರ ಹೆಂಗಸು. ಅಂದಿನಿಂದ ಊರಿನವರೆಲ್ಲರ ಬಾಯಲ್ಲೂ ಅವಳು 'ದೊಡ್ಡಮ್ಮ' ಆಗಿಬಿಟ್ಟಳು. ಅವಳಿಗಿಂತ ದೊಡ್ಡವರೂ ಹಾಗೆಯೇ ಕರೆದರು.

ಮರುವರ್ಷ ಒಂದು ಸಂಬಂಧ ಬಂತು. ಬೊಂಬಾಯಿಯಲ್ಲಿ ಕ್ಯಾಂಟೀನು ನಡೆಸುತ್ತಿದ್ದ ಜನ, ನಲವತ್ತರ ಪ್ರಾಯ, ಒಳ್ಳೆಯವರಂತೆ. ನಮ್ಮ ಕಡೆ ವಿಧವೆಗೆ ಮರುಮದುವೆ ಹೊಸತಲ್ಲ, ಬುಡುದಾರೆ ಎಂದೇ ಅದಕ್ಕೊಂದು ಹೆಸರುಂಟು. ಆದರೂ ಮನೆಯ ಹಿರಿಯರು ನಕ್ಕರು. "ಈ ಪ್ರಾಯದಲ್ಲಾ? ಮಕ್ಕಳನ್ನು ನೋಡಿಕೊಂಡು ಇದ್ದಾಳಲ್ಲ!" ಎಂದರು. ದೊಡ್ಡಮ್ಮ ಏನೂ ಹೇಳಲಿಲ್ಲ, ತಡ್ಪೆಯನ್ನು ಮಡಿಲಿಗೆ ಎಳೆದುಕೊಂಡಳು. ಅದಾಗಿ ಎರಡು ವರ್ಷಕ್ಕೆ ನಮ್ಮ ಸೋದರಮಾವನಿಗೆ ಮದುವೆಯಾಯಿತು. ದೊಡ್ಡಮ್ಮನಿಗಿಂತ ನಾಲ್ಕು ವರ್ಷ ಹಿರಿಯರು. ಹುಡುಗಿಗೆ ಇಪ್ಪತ್ತು. "ಗಂಡಸಿಗೆ ಎಂಥ ಪ್ರಾಯ ಮಾರಾಯ್ತಿ" ಎಂದು ಅದೇ ಹಿರಿಯರು ಓಡಾಡಿ ದಿಬ್ಬಣ ಹೊರಡಿಸಿದರು. ದೊಡ್ಡಮ್ಮ ಮದುಮಗನಿಗೆ ಆರತಿ ಎತ್ತಿದಳು, ಪಾಯಸ ಕಾಯಿಸಿದಳು.

ಈಗ ಮತ್ತೆ ಸಿನೆಮಾಕ್ಕೆ ಬರೋಣ. ಮಳೆಗಾಲ ಮುಗಿದು ಗದ್ದೆ ಒಣಗಿದ ಮೇಲೆ ಹತ್ತಿರದ ಬಯಲಿಗೆ ಟೂರಿಂಗ್ ಟಾಕೀಸಿನ ಟೆಂಟು ಬರುತ್ತಿತ್ತು. ನೆಲದ ಟಿಕೇಟು ತೆಗೆದು ಮರಳು ಗುಡ್ಡೆ ಮಾಡಿ ಕೂರುವುದು. 1968ರ ಸುಮಾರಿಗೆ ಅಲ್ಲಿ 'ಬೆಳ್ಳಿಮೋಡ' ಬಂತು. ತ್ರಿವೇಣಿಯವರ ಕಾದಂಬರಿ, ಪುಟ್ಟಣ್ಣ ಕಣಗಾಲರ ಚಿತ್ರ. ಕತೆ ನಿಮಗೆಲ್ಲ ಗೊತ್ತಿದ್ದದ್ದೇ. ಸಿರಿವಂತರ ಒಬ್ಬಳೇ ಮಗಳು ಇಂದಿರಾ, ಅಂದರೆ ಕಲ್ಪನಾ. ಮದುವೆ ನಿಶ್ಚಯವಾಗಿದೆ. ಅಷ್ಟರಲ್ಲಿ ಅವಳ ತಾಯಿ ಎಷ್ಟೋ ವರ್ಷಗಳ ಮೇಲೆ ಮತ್ತೆ ಬಸುರಿಯಾಗುತ್ತಾಳೆ. ಗಂಡು ಹುಟ್ಟಿ ತಾಯಿ ತೀರಿಕೊಳ್ಳುತ್ತಾಳೆ. ಆಸ್ತಿಗೆ ವಾರಸುದಾರ ಬಂದನೆಂದು ತಿಳಿದ ಕೂಡಲೇ ಮದುಮಗನ ಪ್ರೀತಿ ಇಳಿದುಹೋಗುತ್ತದೆ. ಆ ತಾಯಿ ಪಂಡರಿಬಾಯಿ, ತಂದೆ ಕೆ.ಎಸ್. ಅಶ್ವತ್ಥ್.

ನಾನು ಹನ್ನೊಂದರ ಹುಡುಗಿ. ತಾಯಿ ಸಾಯುವಾಗ ನನಗೆ ಉಸಿರು ಕಟ್ಟಿತು. ಸುತ್ತ ಎಲ್ಲ ಹೆಂಗಸರೂ ಮೂಗು ಒರೆಸಿಕೊಳ್ಳುತ್ತಿದ್ದರು. ಮೀನು ಮಾರುವ ಬಾಯಿಜೋರಿನ ಹೆಂಗಸೊಬ್ಬರು ಸಹ "ಪಾಪ, ಅಪ್ಪೆ!" ಎಂದು ಜೋರಾಗಿಯೇ ಅತ್ತುಬಿಟ್ಟರು. ದೊಡ್ಡಮ್ಮನ ಮುಖ ನೋಡಿದೆ. ಒಣಗಿತ್ತು. ತಮ್ಮ ಅವಳ ತೊಡೆಯ ಮೇಲೆ ನಿದ್ದೆ ಹೋಗಿದ್ದ. ಗದ್ದೆಯ ಹುಣಿಯಲ್ಲಿ ಸೂಟೆ ಬೀಸಿಕೊಂಡು ಮನೆಗೆ ಬರುವಾಗ ಅವಳು ಹೇಳಿದ್ದು ಒಂದೇ ಮಾತು. "ಹೋದವಳ ಕೆಲಸ ಮುಗಿಯಿತು. ಆ ಹುಡುಗಿ ಇನ್ನು ಮಗುವನ್ನು ಸಾಕಬೇಕಲ್ಲ, ಅದನ್ನು ಯಾರೂ ಯೋಚಿಸಲಿಲ್ಲ."

ಆಗ ನನಗೆ ಅರ್ಥವಾದದ್ದು ಅಷ್ಟಕ್ಕಷ್ಟೆ. ಬಹಳ ವರ್ಷಗಳ ಮೇಲೆ ಇನ್ನೊಂದು ಲೆಕ್ಕ ಹೊಳೆಯಿತು. 'ಬೆಳ್ಳಿಮೋಡ' ಬಂದದ್ದು 1967ರಲ್ಲಿ. ಮದುವೆಯ ವಯಸ್ಸಿನ ಮಗಳ ತಾಯಿಯಾಗಿ ನಿಂತ ಪಂಡರಿಬಾಯಿಗೆ ಇನ್ನೂ ನಲವತ್ತು ತುಂಬಿರಲಿಲ್ಲ. ಲೆಕ್ಕ ಹಿಡಿದರೆ ಇನ್ನೂ ತಮಾಷೆಯ ಸಂಗತಿಗಳು ಸಿಗುತ್ತವೆ. 1968ರಲ್ಲಿ 'ಕುಡಿಯಿರುಂದ ಕೋಯಿಲ್' ಎಂಬ ತಮಿಳು ಚಿತ್ರದಲ್ಲಿ ಅವರು ಎಂ.ಜಿ. ರಾಮಚಂದ್ರನ್ ಅವರ ತಾಯಿ. ಎಂ.ಜಿ.ಆರ್. ಹುಟ್ಟಿದ್ದು 1917ರಲ್ಲಿ. ಅಂದರೆ ತಾಯಿಗಿಂತ ಮಗ ಕಮ್ಮಿಯೆಂದರೂ ಹತ್ತು ವರ್ಷ ದೊಡ್ಡವನು! ನಮ್ಮ ಪುರಾಣಗಳಲ್ಲಿ ಕೊಡದಿಂದ, ಬೆಂಕಿಯಿಂದ, ಕಿವಿಯಿಂದ ಹುಟ್ಟಿದವರಿದ್ದಾರೆ. ತಾಯಿಗಿಂತ ಮೊದಲೇ ಹುಟ್ಟಿದ ಮಗ ಮಾತ್ರ ಸಿನೆಮಾದ ಪವಾಡ. ಮರುವರ್ಷ, 1969ರಲ್ಲಿ ಬಂದ 'ದೈವ ಮಗನ್' ಇನ್ನೂ ವಿಚಿತ್ರ. ಅದರಲ್ಲಿ ಶಿವಾಜಿಗೆ ಮೂರು ಪಾತ್ರ, ತಂದೆ ಮತ್ತು ಇಬ್ಬರು ಗಂಡುಮಕ್ಕಳು. ಪಂಡರಿಬಾಯಿ ಒಬ್ಬ ಶಿವಾಜಿಗೆ ಹೆಂಡತಿ, ಉಳಿದಿಬ್ಬರು ಶಿವಾಜಿಗಳಿಗೆ ತಾಯಿ. ಆ ಚಿತ್ರವನ್ನು ನಮ್ಮ ದೇಶದ ಪರವಾಗಿ ಆಸ್ಕರ್ ಸ್ಪರ್ಧೆಗೆ ಕಳುಹಿಸಿದ್ದರು. ಮೂರು ಪಾತ್ರ ಮಾಡಿದ ಶಿವಾಜಿಯನ್ನು ಎಲ್ಲರೂ ಹೊಗಳಿದರು. ಮೂವರಿಗೂ ಮೂರು ಬಗೆಯಲ್ಲಿ ಮುಖ ಕೊಟ್ಟು ಎದುರು ನಿಂತವರು ಒಬ್ಬರಿದ್ದರಲ್ಲ!

ನಾನು ಮದುವೆಯಾಗಿ ಉಡುಪಿಯಲ್ಲಿದ್ದಾಗ, 1986ರಲ್ಲಿ, 'ಅನುರಾಗ ಅರಳಿತು' ಬಂತು. ಎಚ್.ಜಿ. ರಾಧಾದೇವಿಯವರ ಕಾದಂಬರಿಯ ಚಿತ್ರ. ರಾಜ್‌ಕುಮಾರ್ ನಾಯಕ, ಮಾಧವಿ ನಾಯಕಿ, ರಾಜ್‌ಕುಮಾರರ ತಾಯಿ ಪಂಡರಿಬಾಯಿ. ಬಾಣಂತನಕ್ಕೆ ಬಂದಿದ್ದ ದೊಡ್ಡಮ್ಮನನ್ನು ಒತ್ತಾಯ ಮಾಡಿ ಟಾಕೀಸಿಗೆ ಕರೆದುಕೊಂಡು ಹೋಗಿದ್ದೆ. ಅವಳಿಗೆ ಆಗ ಐವತ್ತಾರು, ತಲೆಯಲ್ಲಿ ನಾಲ್ಕಾರು ಬಿಳಿ ಕೂದಲು. ತೆರೆಯ ಮೇಲೆ ಕಾಯಿಲೆಯ ತಾಯಿಯನ್ನು ಮಗ ಮುದ್ದು ಮಾಡುತ್ತಿದ್ದಾನೆ. ದೊಡ್ಡಮ್ಮ ನನ್ನ ಮೊಣಕೈ ತಿವಿದಳು.

"ಇವಳಲ್ಲವಾ ಅಂದು ಕಣ್ಣಪ್ಪನ ಹೆಂಡತಿ?"

"ಹೌದು ದೊಡ್ಡಮ್ಮ."

"ಹಾಗಾದರೆ ಅವನಿಗೆಷ್ಟೋ ಅವಳಿಗೂ ಅಷ್ಟೇ ಪ್ರಾಯ. ಅವಳಿಗೆ ಮಾತ್ರ ಬೇಗ ಆಯಿತು, ಅಲ್ಲವಾ?"

ಅವಳ ಸ್ವರದಲ್ಲಿ ಸಿಟ್ಟಿರಲಿಲ್ಲ. ಸಂತೆಯಲ್ಲಿ ತೂಕ ನೋಡಿ ಹೇಳಿದ ಹಾಗೆ ಹೇಳಿದಳು. ಆದರೆ ಸಿನೆಮಾ ಮುಗಿಯುವ ತನಕ ನನಗೆ ಮಾಧವಿಯೂ ಕಾಣಲಿಲ್ಲ, ಹಾಡೂ ಕೇಳಲಿಲ್ಲ. ರಾಜ್‌ಕುಮಾರ್ ಹುಟ್ಟಿದ್ದು 1929ರಲ್ಲಿ. ಪಂಡರಿಬಾಯಿ ಅದರ ಒಂದು ವರ್ಷ ಆಚೆಯೋ ಈಚೆಯೋ. 'ಬೇಡರ ಕಣ್ಣಪ್ಪ'ದಿಂದ ಇಲ್ಲಿಗೆ ಮೂವತ್ತೆರಡು ವರ್ಷ. ಅಷ್ಟು ವರ್ಷದಲ್ಲಿ ಅವರು ನಾಯಕನಾಗಿಯೇ ಉಳಿದರು, ಇವರು ಹೆಂಡತಿಯಿಂದ ಅತ್ತಿಗೆಗೆ, ಅತ್ತಿಗೆಯಿಂದ ತಾಯಿಗೆ ನಡೆದರು. ಸೋದರಮಾವನ ಮದುವೆಯ ಆರತಿ ತಟ್ಟೆ ಯಾಕೋ ಕಣ್ಣ ಮುಂದೆ ಬಂತು. ತಮಾಷೆಯೆಂದರೆ 1992ರಲ್ಲಿ ಇದೇ ಕತೆ ತಮಿಳಿನಲ್ಲಿ 'ಮನ್ನನ್' ಎಂದು ಬಂದಾಗಲೂ ತಾಯಿ ಪಂಡರಿಬಾಯಿಯೇ. ಮಗ ಮಾತ್ರ ರಜನೀಕಾಂತ್ ಆಗಿದ್ದ. ಮಕ್ಕಳು ಬದಲಾಗುತ್ತಾರೆ, ತಾಯಿ ಅಲ್ಲೇ ಕೂತಿರುತ್ತಾಳೆ.

ಇದು ಪಂಡರಿಬಾಯಿಯವರೊಬ್ಬರ ಕತೆಯೂ ಅಲ್ಲ. ನಮ್ಮ ಬೆಳ್ತಂಗಡಿಯ ಕಡೆಯ ಲೀಲಾವತಿಯನ್ನೇ ತೆಗೆದುಕೊಳ್ಳಿ. 1960ರ 'ರಾಣಿ ಹೊನ್ನಮ್ಮ'ದಲ್ಲಿ ಅವರು ರಾಜ್‌ಕುಮಾರರ ನಾಯಕಿ. 1976ರ 'ನಾ ನಿನ್ನ ಮರೆಯಲಾರೆ' ಹೊತ್ತಿಗೆ ಅದೇ ರಾಜ್‌ಕುಮಾರರ ತಾಯಿ. ನಿಜವಾದ ಲೆಕ್ಕದಲ್ಲಿ ಅವರು ಆ ಮಗನಿಗಿಂತ ಎಂಟೊಂಬತ್ತು ವರ್ಷ ಚಿಕ್ಕವರು. 2023ರ ಡಿಸೆಂಬರಿನಲ್ಲಿ ಅವರು ತೀರಿಕೊಂಡಾಗ ಎಲ್ಲರೂ 'ಅಮ್ಮ ಹೋದರು' ಎಂದೇ ಅತ್ತರು.

ದೂರದ ದೇಶಗಳಲ್ಲಾದರೂ ಬೇರೆ ರೀತಿ ಇದ್ದೀತು ಎಂದುಕೊಂಡಿದ್ದೆ. ಅಮೆರಿಕದಲ್ಲಿರುವ ಮಗಳು ಒಂದು ರಜೆಯಲ್ಲಿ ಬರುವಾಗ ಹಾಲಿಗೆ ಹಾಕಿ ಕಾಯಿಸುವ ಚಾಕೊಲೇಟಿನ ಡಬ್ಬಿ ತಂದಳು. ಮೇಲೆ ಕನ್ನಡಕ ಹಾಕಿದ, ನಗುಮುಖದ ಒಬ್ಬ ಅಜ್ಜಿಯ ಚಿತ್ರ. ಚಾಕೊಲೇಟಿನ ಹೆಸರೂ ಅಜ್ಜಿ ಎಂದೇ, ಅವರ ಭಾಷೆಯಲ್ಲಿ ಅಬುವೆಲಿಟಾ. "ಇವರು ಮೆಕ್ಸಿಕೋದ ನಟಿ ಅಮ್ಮ, ಸಾರಾ ಗಾರ್ಸಿಯಾ ಎಂದು. ಇಡೀ ದೇಶಕ್ಕೇ ಇವರು ಅಜ್ಜಿ" ಎಂದಳು. 1895ರಲ್ಲಿ ಹುಟ್ಟಿ 1980ರವರೆಗೆ ಬದುಕಿದ ಸಾರಾ ಗಾರ್ಸಿಯಾ ನಲವತ್ತರ ಸುಮಾರಿನಲ್ಲೇ ಅಜ್ಜಿಯ ಪಾತ್ರ ಹಿಡಿದವರು. ನಾಟಕದಲ್ಲಿ ಅಜ್ಜಿಯ ಪಾತ್ರ ಸಿಗಬೇಕು, ಬಾಯಿ ಅಜ್ಜಿಯ ಬಾಯಿಯ ಹಾಗೆ ಬಚ್ಚಾಗಿ ಕಾಣಬೇಕು ಎಂದು ಗಟ್ಟಿ ಹಲ್ಲುಗಳನ್ನೇ ಕೀಳಿಸಿಕೊಂಡರಂತೆ. ಮುಂದೆ ಮೆಕ್ಸಿಕೋದ ಜನ ಹುಚ್ಚಾಗಿ ಪ್ರೀತಿಸುತ್ತಿದ್ದ ಪೇದ್ರೊ ಇನ್‌ಫಾಂತೆ ಎಂಬ ನಾಯಕನಟನಿಗೆ ಅಜ್ಜಿಯಾದರು. ಇತ್ತ ಸ್ವಂತ ಬದುಕಿನಲ್ಲಿ ಇದ್ದ ಒಬ್ಬಳೇ ಮಗಳು ಇಪ್ಪತ್ತರ ಪ್ರಾಯದಲ್ಲಿ ವಿಷಮಜ್ವರದಿಂದ ತೀರಿಕೊಂಡಿದ್ದಳು. ದೇಶದ ಅಜ್ಜಿಗೆ ತನ್ನದೆಂಬ ಮೊಮ್ಮಗು ಇರಲಿಲ್ಲ.

ಹಲ್ಲು ಕೀಳಿಸಿಕೊಂಡ ಕತೆ ಕೇಳಿ ನನಗೆ ಮೈ ಜುಮ್ಮೆಂದಿತು. ಆದರೆ ಆಮೇಲೆ ಆ ಡಬ್ಬಿಯ ಚಿತ್ರ ನೋಡುತ್ತಾ ಇನ್ನೊಂದು ಬದಿಯೂ ತೋಚಿತು. ಆಕೆ ಯಾರೋ ನೂಕಿ ಅಜ್ಜಿಯಾದವಳಲ್ಲ. ಆ ಕೆಲಸ ತನಗೆ ಬೇಕು, ಅದರಲ್ಲಿ ತನ್ನನ್ನು ಮೀರಿಸುವವರು ಇರಬಾರದು ಎಂದು ತಾನೇ ನಿರ್ಧರಿಸಿದವಳು. ನಾಯಕಿಯ ಕಾಲ ಹೆಚ್ಚೆಂದರೆ ಹತ್ತು ವರ್ಷ. ಅಜ್ಜಿಗೆ, ಅಮ್ಮನಿಗೆ ಕೆಲಸ ಸಾಯುವವರೆಗೂ ಉಂಟು. ಹೆಂಗಸು ತನ್ನ ಅನ್ನ ತಾನು ದುಡಿಯಬೇಕಾದಾಗ ಈ ಲೆಕ್ಕ ಸಣ್ಣದಲ್ಲ.

ಪಂಡರಿಬಾಯಿಯವರೂ ಹೀಗೆ ಲೆಕ್ಕ ಬಲ್ಲವರೇ. ತೆರೆಯ ಮೇಲೆ ಅಷ್ಟು ಮೆತ್ತಗೆ ಮಾತಾಡುತ್ತಿದ್ದವರು 1950ರ ದಶಕದಲ್ಲೇ ಸ್ವಂತ ಚಿತ್ರ ಸಂಸ್ಥೆ ಕಟ್ಟಿ ಕನ್ನಡದಲ್ಲಿ 'ಸಂತ ಸಖು', 'ರಾಯರ ಸೊಸೆ' ಚಿತ್ರಗಳನ್ನು ತಯಾರಿಸಿದರು. ಆ ಕಾಲದಲ್ಲಿ ಒಬ್ಬ ಹೆಂಗಸು ಸ್ಟುಡಿಯೋ ಬಾಡಿಗೆ, ಫಿಲ್ಮಿನ ಸುರುಳಿ, ನಟರ ಸಂಬಳ, ಹಂಚಿಕೆದಾರರ ಚೌಕಾಸಿ ಎಲ್ಲವನ್ನೂ ನಿಭಾಯಿಸುವುದೆಂದರೆ ಎಷ್ಟು ಗಟ್ಟಿತನ ಬೇಕು! ತಂಗಿ ಮೈನಾವತಿ ಅದೇ ದಾರಿಯಲ್ಲಿ ಬಂದು 1959ರ 'ಅಬ್ಬಾ ಆ ಹುಡುಗಿ'ಯಲ್ಲಿ ಯಾರಿಗೂ ಬಗ್ಗದ ಹುಡುಗಿಯಾಗಿ ಮನೆಮಾತಾದಳು. ಅದೇ ವರ್ಷ ಅಕ್ಕ ಹಿಂದಿಗೂ ಹೋದರು. ಎಸ್.ಎಸ್. ವಾಸನ್ ಅವರ 'ಪೈಗಾಮ್' ಚಿತ್ರದಲ್ಲಿ ದಿಲೀಪ್ ಕುಮಾರ್ ಅವರಿಗೆ ಅತ್ತಿಗೆ. ಕನ್ನಡ, ತಮಿಳು, ತೆಲುಗು, ಹಿಂದಿ ಎಂದು ಎಷ್ಟು ಭಾಷೆಯ ಅಂಗಳದಲ್ಲಿ ಆಕೆ ರಂಗೋಲಿ ಹಾಕಿದರು, ದೀಪ ಹಚ್ಚಿದರು!

ಅವರ ಅಭಿನಯದ ಬಗ್ಗೆ ಒಂದು ಮಾತು ಹೇಳಬೇಕು. ಅಳುವ ಅಮ್ಮಂದಿರು ಬೇಕಾದಷ್ಟು ಮಂದಿ ಬಂದರು. ಎದೆ ಬಡಿದುಕೊಂಡು, ಕಂಬಕ್ಕೆ ಒರಗಿ, ಮೆಟ್ಟಿಲ ಮೇಲೆ ಉರುಳಿ ಅತ್ತವರೂ ಇದ್ದಾರೆ. ಪಂಡರಿಬಾಯಿ ಅಳುವುದಕ್ಕಿಂತ ಅಳು ತಡೆದುಕೊಳ್ಳುವುದರಲ್ಲಿ ಗಟ್ಟಿಗರು. ಸ್ವರ ಏರುತ್ತಿರಲಿಲ್ಲ. ಎದುರಿನವನು ಎಷ್ಟೇ ಉದ್ದದ ಮಾತು ಹೊಡೆಯಲಿ, ಇವರು ಪೂರ್ತಿ ಕೇಳಿಸಿಕೊಳ್ಳುತ್ತಿದ್ದರು. ಸಿನೆಮಾದಲ್ಲಿ ಮಾತಾಡುವವನಿಗೆ ಚಪ್ಪಾಳೆ, ಆದರೆ ಆ ಮಾತಿಗೆ ತೂಕ ಬರುವುದು ಕೇಳುವವರ ಮುಖದಿಂದ. ಈಗ ಹಳೆಯ ಚಿತ್ರಗಳು ಮನೆಯಲ್ಲೇ, ಕೈಯೊಳಗಿನ ಫೋನಿನಲ್ಲೇ ಸಿಗುತ್ತವೆ. ಒಂದು ಸಲ ನಾಯಕನನ್ನು ಬಿಟ್ಟು ಮೂಲೆಯಲ್ಲಿ ನಿಂತ ಅಮ್ಮನನ್ನೇ ನೋಡುತ್ತಾ ಹೋಗಿ. ನಾನು ಹೇಳಿದ್ದು ನಿಮಗೇ ಗೊತ್ತಾದೀತು.

1994ರಲ್ಲಿ ಅವರು ಪ್ರಯಾಣಿಸುತ್ತಿದ್ದ ವಾಹನ ಅಪಘಾತಕ್ಕೆ ಸಿಕ್ಕಿ ಒಂದು ಕೈ ಹೋಯಿತು. ಆ ಸುದ್ದಿ ಓದಿ ಹೇಳಿದಾಗ ದೊಡ್ಡಮ್ಮ ಬೀಡಿ ಕಟ್ಟುತ್ತಿದ್ದಳು. ನಾವಿಬ್ಬರೂ ಕೆಲಸಕ್ಕೆ ಸೇರಿ ಎಷ್ಟೋ ಕಾಲವಾಗಿತ್ತು, ಬಿಡು ಎಂದರೂ ಬಿಟ್ಟಿರಲಿಲ್ಲ. "ನನ್ನ ವೀಳ್ಯಕ್ಕೆ ನಿಮ್ಮ ಹತ್ತಿರ ಕೇಳುವುದಾ?" ಎನ್ನುತ್ತಿದ್ದಳು. ಕೈ ಎಂದ ಕೂಡಲೇ ಅವಳ ಬೆರಳು ನಿಂತವು. "ಯಾವ ಕೈ?" ಎಂದು ಕೇಳಿದಳು. ಪಾಪ ಎಂದಲ್ಲ, ಅಯ್ಯೋ ಎಂದಲ್ಲ. ಕೈಯಿಂದ ಅನ್ನ ತಿಂದವಳಿಗೆ ಮೊದಲು ತಿಳಿಯಬೇಕಾದದ್ದು ಅದೇ. 2003ರ ಜನವರಿ 29ರಂದು ಚೆನ್ನೈಯಲ್ಲಿ ಪಂಡರಿಬಾಯಿ ತೀರಿಕೊಂಡರು. ಆ ರಾತ್ರಿ ದೊಡ್ಡಮ್ಮ ದೇವರ ದೀಪದ ಹತ್ತಿರ ಇನ್ನೊಂದು ಬತ್ತಿ ಹಚ್ಚಿಟ್ಟಳು. ನಾನು ಕಂಡೆ, ಕೇಳಲಿಲ್ಲ.

ಸಿನೆಮಾದವರು ಇಂಥ ನಟಿಯರನ್ನು 'ಪೋಷಕ ನಟಿ' ಎನ್ನುತ್ತಾರೆ. ಸರಕಾರ ಪ್ರಶಸ್ತಿ ಕೊಡುವುದೂ ಆ ಹೆಸರಿನಲ್ಲೇ. ಮುಖ್ಯವಲ್ಲದ ಪಾತ್ರ, ಬದಿಯ ಪಾತ್ರ ಎಂದು ಅದಕ್ಕೆ ಅರ್ಥ ಮಾಡಿಕೊಂಡಿದ್ದೇವೆ. ಆದರೆ ಪೋಷಕ ಎಂದರೆ ಪೋಷಿಸುವವರು ಅಲ್ಲವೇ? ಹೊಸ ನಾಯಕನ ಎದುರು ನಿಂತು ಅವನ ಮಾತಿಗೆ ಕಿವಿಗೊಟ್ಟು, ಅವನ ಸಿಟ್ಟಿಗೆ ಅರ್ಥ ಕೊಟ್ಟು, ಅವನು ದೊಡ್ಡವನಾದ ಮೇಲೆ ಅವನ ತಾಯಿಯಾಗಿ ಕೆಮ್ಮಿ ಕತೆಯನ್ನು ಮುಂದಕ್ಕೆ ನಡೆಸಿದವರು. ಅವರನ್ನು ತೆಗೆದುಬಿಟ್ಟರೆ ನಾಯಕ ಬರಿಯ ಮೀಸೆ ತಿರುವುತ್ತಾ ನಿಲ್ಲಬೇಕಾದೀತು.

ದೊಡ್ಡಮ್ಮ 2009ರಲ್ಲಿ ಹೋದಳು. ಟ್ರಂಕಿನ ತಳದಲ್ಲಿ ನನ್ನ ಮತ್ತು ತಮ್ಮನ ಶಾಲೆಯ ಹಳೆಯ ಅಂಕಪಟ್ಟಿಗಳು ಸಿಕ್ಕಿದವು, ಒಂದೂ ಹರಿಯದೆ, ಹೊಗೆಸೊಪ್ಪಿನ ವಾಸನೆ ಹೊತ್ತುಕೊಂಡು. ಪ್ರತಿಯೊಂದರ ಕೆಳಗೂ ಒಂದು ಗೆರೆ, ಗೆರೆಯ ಕೆಳಗೆ 'ಪೋಷಕರ ಸಹಿ' ಎಂದು ಅಚ್ಚು. ಗೆರೆಯ ಮೇಲೆ ದುಂಡಗಿನ ಕನ್ನಡ ಅಕ್ಷರಗಳಲ್ಲಿ ಅವಳ ಪೂರ್ತಿ ಹೆಸರು. ದೊಡ್ಡಮ್ಮ ಎಂದಲ್ಲ, ಅವಳ ಹೆಸರು.